ಮದ್ದು ಹಾಕಿದವರು ಮನೆಯಲ್ಲಿ, ನೀರುನಾಯಿ ಹೊತ್ತು ತಂದವನು ಕೋರ್ಟಿನಲ್ಲಿ

ನಮ್ಮ ನದಿಯ ವನ್ಯಜೀವಿಗಳ ಹೊಣೆ ಹೊತ್ತ ಅಧಿಕಾರಿಗಳಿಗೆ,

ಮಾನ್ಯರೇ,

ಸಾಯುತ್ತಿದ್ದ ನೀರುನಾಯಿಯನ್ನು ಉಳಿಸಿಕೊಡಿ ಎಂದು ನಿಮ್ಮ ಕಚೇರಿಗೆ ತಂದವನನ್ನೇ ನೀವು ಅದರ ಕೊಲೆಗಾರನೆಂದು ಬರೆದುಕೊಂಡಿರಿ. ಆತ ನನ್ನ ತಮ್ಮ ಗಾಳೇಶ. ನದಿಗೆ ಜಿಲೆಟಿನ್ ಕಡ್ಡಿಯ ಮದ್ದು ಎಸೆದು ಆ ಪ್ರಾಣಿಯನ್ನೂ ಅದರ ಮರಿಗಳನ್ನೂ ನಿಜವಾಗಿ ಕೊಂದವರು ಇವತ್ತಿಗೂ ನಮ್ಮೂರ ಚಹಾ ಅಂಗಡಿಯ ಮುಂದೆ ಕಾಲ ಮೇಲೆ ಕಾಲು ಹಾಕಿ ಕೂರುತ್ತಾರೆ. ಈ ಮಾತನ್ನು ತುಂಬಿದ ಸಭೆಯಲ್ಲಿ ಹೇಳಿದ್ದಕ್ಕೆ ನಾನು ಕ್ಷಮೆ ಕೇಳಬೇಕೆಂದು ನಮ್ಮ ಶಿಕ್ಷಣ ಇಲಾಖೆಯ ಮೂಲಕ ನೋಟಿಸು ಕಳಿಸಿದ್ದೀರಿ. ಕ್ಷಮೆ ಕೇಳುವುದಿಲ್ಲ. ನಿಮ್ಮನ್ನು ಕ್ಷಮಿಸುವುದೂ ಇಲ್ಲ. ಎರಡನೆಯದನ್ನು ನೀವು ಕೇಳಿಲ್ಲ, ಆದರೂ ತಿಳಿದಿರಲಿ.

ನನ್ನ ತವರು ವಿರೂಪಾಪುರಗಡ್ಡೆಯಿಂದ ಕೆಳಗೆ, ತುಂಗಭದ್ರೆಯ ದಡದಲ್ಲಿದೆ. ನಮ್ಮದು ಅಂಬಿಗರ ಮನೆ. ಅಪ್ಪ ತೀರಿದ ಮೇಲೆ ಹರಿಗೋಲು, ಬಲೆ ಎರಡೂ ಗಾಳೇಶನ ಪಾಲಿಗೆ ಬಂದವು. ನಾನು ಓದಿ ಪ್ರೌಢಶಾಲೆಯಲ್ಲಿ ವಿಜ್ಞಾನ ಶಿಕ್ಷಕಿಯಾದೆ. ಊರ ಮುಂದೆ ನದಿ ದೊಡ್ಡ ಬಂಡೆಗುಂಡುಗಳ ನಡುವೆ ನಿಂತು ಮಡುವಾಗುತ್ತದೆ. ಬೇಸಿಗೆಯಲ್ಲೂ ಬತ್ತದ ಆ ಮಡುವಿನಲ್ಲಿ ಒಂದು ನೀರುನಾಯಿ ಸಂಸಾರವಿತ್ತು. ಸಂಸಾರ ಎಂದು ಸುಮ್ಮನೆ ಅಕ್ಕರೆಗೆ ಹೇಳುತ್ತಿಲ್ಲ. ಈ ಪ್ರಾಣಿಗಳಲ್ಲಿ ಗಂಡು ಹೆಣ್ಣು ಜೋಡಿಯಾಗಿ ಬಾಳುತ್ತವೆ. ಹಿಂದಿನ ವರ್ಷ ಹುಟ್ಟಿ ಬೆಳೆದವು ಮನೆ ಬಿಡದೆ ಈ ವರ್ಷದ ಕೂಸುಗಳನ್ನು ಸಾಕಲು ನೆರವಾಗುತ್ತವೆ. ಬಂಡೆಯ ಸಂದಿನಲ್ಲಿ ಹುಟ್ಟುವ ಮರಿ ಕಣ್ಣು ಬಿಟ್ಟಿರುವುದಿಲ್ಲ, ಅದಕ್ಕೆ ಈಜು ಬರುವುದಿಲ್ಲ; ಜೀವಮಾನವೆಲ್ಲ ನೀರಲ್ಲಿ ಕಳೆಯಬೇಕಾದ ಪ್ರಾಣಿ ಮೊದಮೊದಲು ನೀರಿಗೆ ಹೆದರುತ್ತದೆ. ತಾಯಿ ಅದರ ಕತ್ತು ಕಚ್ಚಿ ಹಿಡಿದು ಮಡುವಿಗೆ ಎಳೆದೊಯ್ಯುತ್ತದೆ, ಎಷ್ಟು ಅರಚಿದರೂ ಬಿಡುವುದಿಲ್ಲ. ಬೇಟೆಗೆ ಹೊರಟರೆ ಎಲ್ಲವೂ ಒಟ್ಟಾಗಿ ಮೀನಿನ ಹಿಂಡನ್ನು ದಡದ ಕಡೆಗೆ ಅಟ್ಟಿಕೊಂಡು ಬರುತ್ತವೆ. ಒಂದು ಹಿಂದುಳಿದರೆ ಉಳಿದವು ಸಿಳ್ಳೆ ಹಾಕಿ ಕರೆಯುತ್ತವೆ.

ಗಾಳೇಶ ಇವುಗಳ ಭಕ್ತನಾಗಿದ್ದ ಎಂದು ತಿಳಿಯಬೇಡಿ. ಅವು ಬಲೆ ಹರಿದು ಮೀನು ತಿಂದಾಗ ಅವನ ಬಾಯಿಂದ ಬರುತ್ತಿದ್ದ ಬೈಗುಳವನ್ನು ಯಾವ ಪತ್ರಿಕೆಯೂ ಅಚ್ಚು ಹಾಕಲಾರದು. ಒಮ್ಮೆ ನಾನೇ ಕೆಣಕಿದ್ದೆ, “ಹಂಗಾದ್ರ ಓಡಿಸಿಬಿಡಪಾ” ಎಂದು.

“ಎಲ್ಲಿಗಂತ ಓಡಸ್ಲಿ ಅಕ್ಕಾ? ನಾವು ಬರೂದಕ್ಕಿಂತ ಮೊದ್ಲ ಅವು ಇಲ್ಲಿ ಅದಾವು. ಬಲಿ ಹರದ್ರ ಹೊಲಕೊಂಡ್ರಾತು,” ಎಂದಿದ್ದ.

ನಿಮ್ಮ ಕಚೇರಿಯ ಭಾಷೆಯಲ್ಲಿ ಇವನೇ “ವೃತ್ತಿಪರ ಬೇಟೆಗಾರ”.

ಕಳೆದ ಫೆಬ್ರುವರಿಯ ಒಂದು ಭಾನುವಾರ ನಾನು ತವರಿನಲ್ಲಿದ್ದೆ. ಬೆಳಗಿನ ಚಹಾ ಕುಡಿಯುವಾಗ ನದಿಯ ಕಡೆಯಿಂದ ಧಡ್ ಎಂದು ಸದ್ದು ಬಂತು. ಗೋಡೆಯ ಮೇಲಿನ ತಟ್ಟೆಗಳು ನಡುಗಿದವು. ಗಾಳೇಶ ಲೋಟ ಅಲ್ಲೇ ಇಟ್ಟು ಓಡಿದ, ಹಿಂದೆ ನಾನೂ ಓಡಿದೆ. ಮಡುವಿನ ತುಂಬ ಮೀನು ಹೊಟ್ಟೆ ಮೇಲಾಗಿ ತೇಲುತ್ತಿದ್ದವು. ಇಬ್ಬರು ನೀರಿಗಿಳಿದು ದೊಡ್ಡ ಮೀನುಗಳನ್ನಷ್ಟೇ ಆರಿಸಿ ಗೋಣಿಚೀಲಕ್ಕೆ ತುಂಬುತ್ತಿದ್ದರು. ಅವರ ಹೆಸರು ಇಲ್ಲಿ ಬರೆಯುವುದಿಲ್ಲ, ನಿಮಗೆ ಬಾಯಿಪಾಠ ಇದೆ. ಗಾಳೇಶ ಕಲ್ಲೆತ್ತಿಕೊಂಡ. ಅವರು ಚೀಲ ಹೊತ್ತು ಬೈಕ್ ಹತ್ತಿದರು.

ಆಮೇಲೆ ನಮಗೆ ನೀರುನಾಯಿಗಳು ಕಂಡವು. ಈಜು ಕಲಿಯುತ್ತಿದ್ದ ಮರಿಗಳು ಅಷ್ಟೂ ಸತ್ತಿದ್ದವು. ಬೆಳೆದ ಮರಿಯೊಂದು ಬಂಡೆಗೆ ಒರಗಿ ಸತ್ತಿತ್ತು. ಗಂಡು ಮತ್ತು ಇನ್ನೊಂದು ಬೆಳೆದ ಮರಿ ಸ್ಫೋಟದ ಹೊತ್ತಿಗೆ ಬಂಡೆಯ ಮೇಲಿದ್ದಿರಬೇಕು, ಉಳಿದುಕೊಂಡಿದ್ದವು. ಗಂಡು ನೀರಿಗೆ ಬಂದು ಸತ್ತ ಮರಿಗಳನ್ನು ಮೂತಿಯಿಂದ ನೂಕುವುದು, ಸಿಳ್ಳೆ ಹಾಕುವುದು, ಮತ್ತೆ ನೂಕುವುದು ಮಾಡುತ್ತಿತ್ತು. ಹದಿನಾಲ್ಕು ವರ್ಷ ಮಕ್ಕಳಿಗೆ ಜೀವಶಾಸ್ತ್ರ ಕಲಿಸಿದ ನನಗೆ ಅದನ್ನು ನೋಡುತ್ತ ನಿಲ್ಲುವ ಶಕ್ತಿ ಇರಲಿಲ್ಲ.

“ಅಕ್ಕಾ, ತಾಯಿ ಉಸ್ರಾಡಾಕತ್ತೈತಿ,” ಎಂದು ಗಾಳೇಶ ಕೂಗಿದ. ಹರಿಗೋಲು ಹಾಕಿ ಅದನ್ನು ಎತ್ತಿ ತಂದ. ಕಿವಿಯಿಂದ, ಮೂಗಿನಿಂದ ರಕ್ತ ಬರುತ್ತಿತ್ತು. ತನ್ನ ಟವೆಲಿನಲ್ಲಿ ಸುತ್ತಿದ. ಅವನು ಬೈಕ್ ಓಡಿಸಿದ. ನಾನು ಹಿಂದೆ ಕೂತು ಅದನ್ನು ಮಡಿಲಲ್ಲಿ ಹಿಡಿದುಕೊಂಡೆ. ಅಷ್ಟು ದಪ್ಪ ತುಪ್ಪಳದ ಪ್ರಾಣಿ ನಡುಗುವುದನ್ನು ನಾನು ಕಂಡಿದ್ದು ಅದೇ ಮೊದಲು. ನಿಮ್ಮ ಕಚೇರಿಯ ಮೆಟ್ಟಿಲ ಹತ್ತಿರ ಅದರ ಹಲ್ಲು ನನ್ನ ಸೆರಗನ್ನು ಕಚ್ಚಿ ಹಿಡಿಯಿತು. ಬಿಡಿಸಲು ಹೋದಾಗ ಸತ್ತಿತ್ತು.

ಆಗ ನೀವು ಹೊರಗೆ ಬಂದಿರಿ. ಯಾರು ಮದ್ದು ಹಾಕಿದರು ಎಂದು ಕೇಳಲಿಲ್ಲ. “ಇದನ್ನು ಎಲ್ಲಿ ಹೊಡೆದೆ?” ಎಂದು ನನ್ನ ತಮ್ಮನನ್ನು ಕೇಳಿದಿರಿ.

“ಹೊಡದಿಲ್ರಿ ಸಾಹೇಬ್ರ, ಉಳಸಾಕ ತಂದೀನ್ರಿ. ಮದ್ದು ಹಾಕಿದವ್ರನ್ನ ಕಣ್ಣಾರೆ ನೋಡೀನಿ, ಹೆಸರು ಹೇಳ್ತೀನಿ ಬರಕೋರ್ರಿ.”

ನೀವು ಬರೆದುಕೊಂಡಿರಿ. ಅವನ ಹೆಸರನ್ನು.

ಪಶುವೈದ್ಯೆ ಶಹನಾಜಬೇಗಂ ಬಂದು ಪರೀಕ್ಷೆ ಮಾಡಿದರು. ಶ್ವಾಸಕೋಶ ಒಡೆದಿದೆ, ಕಿವಿಯ ತಮಟೆ ಹರಿದಿದೆ, ಮೈಮೇಲೆ ಬಲೆಯ ಗುರುತಾಗಲಿ ಕೋಲಿನ ಪೆಟ್ಟಾಗಲಿ ಇಲ್ಲ, ಇದು ಮದ್ದಿನ ಸಾವು ಎಂದು ನಿಮ್ಮೆದುರೇ ಹೇಳಿದರು. ನೀವು ಫೋನು ನೋಡುತ್ತಿದ್ದಿರಿ. ನಾನೂ ತಂದವಳೇ, ನನ್ನ ಸೀರೆಯ ಮೇಲಿನ ರಕ್ತ ನೋಡಿ ಎಂದಾಗ ಮಾತ್ರ ತಲೆಯೆತ್ತಿ, “ಮೇಡಂ, ನೌಕರಿಯಲ್ಲಿರೋರು ನೀವು, ಸುಮ್ಮನೆ ಮನೆಗೆ ಹೋಗಿ,” ಎಂದು ಬುದ್ಧಿ ಹೇಳಿದಿರಿ. ಸಂಬಳ ಬರುವವರು ಪ್ರಾಣಿಯನ್ನು ಹೊತ್ತರೆ ಕರುಣೆ, ಬಲೆ ಬೀಸುವವನು ಹೊತ್ತರೆ ಬೇಟೆ. ಯಾವ ಕಾಯಿದೆಯ ಯಾವ ಕಲಮಿನಲ್ಲಿ ಇದೆ ಇದು?

ನಾನು ಜಗಲಿಯ ಮೇಲೆ ಕೂತಿದ್ದಾಗ ಆ ಇಬ್ಬರಲ್ಲಿ ಒಬ್ಬ ಬೈಕಿನಲ್ಲಿ ಬಂದ. ಹಿಂದೆ ಒದ್ದೆ ಗೋಣಿಚೀಲ. ಕಾವಲಿನವನು ಕೇಳಿದ್ದಕ್ಕೆ, “ಸಾಹೇಬ್ರ ಮನಿಗೆ” ಎಂದು ಹೇಳಿ ಹಿಂದಿನ ಗೇಟಿನ ಕಡೆ ಹೋದ. ಮರಿಗಳು ಇನ್ನೂ ನೀರಲ್ಲಿ ತೇಲುತ್ತಿದ್ದವು, ಮಾನ್ಯರೇ. ಊಟ ರುಚಿಯಾಗಿತ್ತೇ?

ಗಾಳೇಶ ಹದಿನೈದು ದಿನ ಜೈಲಿನಲ್ಲಿದ್ದು ಜಾಮೀನಿನ ಮೇಲೆ ಬಂದ. ನದಿಯ ಹತ್ತಿರ ಸುಳಿಯಬಾರದೆಂಬ ಷರತ್ತು. ಈಗ ಶ್ರೀರಾಮನಗರದ ರೈಸ್ ಮಿಲ್ಲಿನಲ್ಲಿ ಚೀಲ ಹೊರುತ್ತಾನೆ. ವಾರಕ್ಕೊಮ್ಮೆ ಬಂದರೆ ಮನೆಯ ಹಿತ್ತಲಿಗೂ ಹೋಗುವುದಿಲ್ಲ. ಅಲ್ಲಿಂದ ನೀರು ಕಾಣುತ್ತದೆ. ಗಂಡು ನೀರುನಾಯಿ ಕೆಲವು ದಿನ ಮಡುವಿನಲ್ಲೇ ಸುತ್ತಿ, ಸಿಳ್ಳೆ ಹಾಕಿ, ಆಮೇಲೆ ಉಳಿದ ಮರಿಯೊಂದಿಗೆ ಎತ್ತಲೋ ಹೋಯಿತು. ಮರಿಮೀನು, ತತ್ತಿ ಎಲ್ಲ ಸತ್ತ ಆ ಮಡುವಿನಲ್ಲಿ ಊರವರ ಬಲೆಗೂ ಈಗ ಏನೂ ಬೀಳುವುದಿಲ್ಲ.

ನಮ್ಮವ್ವ ದುರಗಮ್ಮ ಶಾಂತ ಸ್ವಭಾವದವಳು. “ಬಿಡವಾ ದ್ರಾಕ್ಷಾಯಿಣಿ, ಮ್ಯಾಲೆ ದೇವ್ರು ಅದಾನ, ನೋಡ್ಕೋತಾನ,” ಎನ್ನುತ್ತಿದ್ದಳು. ನಾನು ದೇವರಿಗೆ ಆ ಕೆಲಸ ಕೊಡುವವಳಲ್ಲ. ಅವನಿಗೆ ಅರ್ಜಿಗಳು ಬಹಳ. ಅವಕಾಶಕ್ಕಾಗಿ ಕಾದೆ, ನೀವೇ ಕಳಿಸಿಕೊಟ್ಟಿರಿ.

ಜೂನಿನಲ್ಲಿ ಶಾಲೆಗಳು ತೆರೆದ ಮೇಲೆ ನಿಮ್ಮ ಆವರಣದಲ್ಲಿ ನೀರುನಾಯಿ ಜಾಗೃತಿ ಕಾರ್ಯಕ್ರಮ ಇಟ್ಟುಕೊಂಡಿರಿ. ಮಕ್ಕಳಿಗೆ ಉಪನ್ಯಾಸ ಕೊಡಲು ಶಿಕ್ಷಕಿಯೊಬ್ಬರು ಬೇಕಾದಾಗ ನನ್ನ ಮುಖ್ಯೋಪಾಧ್ಯಾಯರು ನನ್ನ ಹೆಸರು ಕೊಟ್ಟರು. ನೀವು ನನ್ನನ್ನು ಗುರುತು ಹಿಡಿಯಲಿಲ್ಲ. ಹೂಗುಚ್ಛ ಕೊಟ್ಟು ನಕ್ಕಿರಿ. ವೇದಿಕೆಯ ಹಿಂದಿನ ದೊಡ್ಡ ಚಿತ್ರದಲ್ಲಿ ಬೆನ್ನ ಮೇಲೆ ಮಲಗಿ ತೇಲುವ ಪ್ರಾಣಿಯೊಂದಿತ್ತು. ಅದು ದೂರದ ತಣ್ಣನೆಯ ಸಮುದ್ರದ್ದು, ತುಂಗಭದ್ರೆಯ ನೀರು ಕಂಡದ್ದಲ್ಲ. ನಮ್ಮ ನೀರುನಾಯಿ ಹೇಗಿರುತ್ತದೆಂದು ನಿಮಗೆ ಗೊತ್ತಿಲ್ಲದಿರುವುದು ಹೇಗೆ? ಸತ್ತದ್ದನ್ನಾದರೂ ನಿಮ್ಮ ಮೆಟ್ಟಿಲವರೆಗೆ ತಂದು ತೋರಿಸಿದ್ದೆವಲ್ಲ.

ಬಾಗಿಲ ಪಕ್ಕದಲ್ಲಿ ಒಂದು ಹರಿಗೋಲು ಇಟ್ಟು, ಮೇಲೆ ಬಣ್ಣದಲ್ಲಿ ನೀರುನಾಯಿಯ ಕಣ್ಣು ಮೀಸೆ ಬರೆದು, ಮಕ್ಕಳು ಸರದಿಯಲ್ಲಿ ಕೂತು ಫೋಟೋ ತೆಗೆಸಿಕೊಳ್ಳಲು ಸುತ್ತ ಹಗ್ಗ ಕಟ್ಟಿದ್ದಿರಿ. ನಾನು ಮಾತು ಶುರು ಮಾಡಿದ್ದು ಅಲ್ಲಿಂದಲೇ. “ಮಕ್ಕಳೇ, ನೀವು ಈಗ ಫೋಟೋ ತೆಗೆಸಿಕೊಂಡ ಹರಿಗೋಲು ನನ್ನ ತಮ್ಮನದು. ಜಪ್ತಿ ಮಾಡಿದ ಮಾಲು,” ಎಂದೆ. ಭಾನುವಾರದ ಬೆಳಗಿನಿಂದ ಗೋಣಿಚೀಲದವರೆಗೆ ಎಲ್ಲ ಹೇಳಿದೆ. ಗೋಣಿಚೀಲಕ್ಕೆ ಬರುವಷ್ಟರಲ್ಲಿ ಮೈಕ್ ನಿಂತಿತು. ಮೂವತ್ತೆಂಟು ಮಕ್ಕಳ ತರಗತಿಯಲ್ಲಿ ಕಿರುಚಿ ಪಳಗಿದ ಗಂಟಲು ನನ್ನದು, ಮೈಕು ಬೇಕಾಗಲಿಲ್ಲ.

ನಾನು ಎಣಿಸದೇ ಇದ್ದದ್ದು ಮುಂದೆ ಆಯಿತು. ಮಗಳ ಭಾಷಣ ಕೇಳಬೇಕೆಂದು ಬಂದು ಹಿಂದಿನ ಸಾಲಿನಲ್ಲಿ ಕೂತಿದ್ದ ಅವ್ವ ಎದ್ದಳು. ಹಗ್ಗ ಸರಿಸಿ, ಸೀರೆ ಎತ್ತಿ ಕಟ್ಟಿ, ಹರಿಗೋಲು ಹತ್ತಿ ಕೂತಳು.

ನಿಮ್ಮ ಸಿಬ್ಬಂದಿಯೊಬ್ಬರು ಓಡಿ ಬಂದರು. “ಯವ್ವಾ, ಇಳೀಬೇ. ಫೋಟೋ ತಗಸ್ಕೊಳ್ಳಾಕ ಇಟ್ಟೈತಿ ಅದನ್ನ.”

“ನನ್ನ ಮಗ ಹೊಟ್ಟಿ ತುಂಬಿಸ್ಕೊಳ್ಳಾಕ ಇಟ್ಟಿದ್ದ. ಅವನ್ನ ಕರಕೊಂಡ ಬರ್ರಿ, ಇಳೀತೀನಿ.”

ಆಗ ನೀವೇ ಬಂದಿರಿ. “ಅಜ್ಜಿ, ಇದು ಕೋರ್ಟಿಗೆ ಸೇರಿದ ವಸ್ತು, ಯಾರೂ ಮುಟ್ಟಬಾರದು,” ಎಂದಿರಿ.

ಅವ್ವ ಹರಿಗೋಲಿನ ಮೀಸೆಯತ್ತ ಬೆರಳು ಮಾಡಿದಳು. “ಮುಟ್ಟಬಾರದ್ದಕ್ಕ ಬಣ್ಣ ಯಾರು ಹಚ್ಚಿದ್ರಿ?” ಎಂದು ಕೇಳಿದಳು.

ಅಷ್ಟು ಮಕ್ಕಳು, ಅಷ್ಟು ಮೇಷ್ಟರು, ಬಂದ ಅತಿಥಿಗಳು ನಿಮ್ಮ ಮುಖವನ್ನೇ ನೋಡುತ್ತಿದ್ದರು. ಆ ನೋಟ ನನಗೆ ಎಷ್ಟು ಸುಖ ಕೊಟ್ಟಿತು ಎಂದು ಮುಚ್ಚಿಡುವುದಿಲ್ಲ. ಅವ್ವ ಸಂಜೆಯವರೆಗೆ ಇಳಿಯಲಿಲ್ಲ. ನೀವು ಹಿಂದಿನ ಗೇಟಿನಿಂದ ಹೋದಿರಿ. ನಿಮ್ಮದೇ ಆಫೀಸಿನ ಹೆಂಗಸೊಬ್ಬಳು ಅವ್ವನಿಗೆ ಬಿಸಿ ಚಹಾ ತಂದುಕೊಟ್ಟು, ಯಾರಿಗೂ ಕೇಳದಂತೆ, “ಛಲೋ ಮಾಡಿದ್ರಿ ಯವ್ವಾ,” ಎಂದಳು.

ನಮ್ಮ ವಕೀಲೆ ಮುಬಾಶಿರಾ ಸಾಕ್ಷ್ಯಕ್ಕೆ ಬಣ್ಣ ಬಳಿದ ವಿಷಯವನ್ನು ನ್ಯಾಯಾಲಯದ ಮುಂದಿಟ್ಟಿದ್ದಾರೆ. ನಿಮ್ಮನ್ನು ಕಟಕಟೆಯಲ್ಲಿ ನಿಲ್ಲಿಸಿ ಪ್ರಶ್ನಿಸುವ ದಿನ ಹತ್ತಿರ ಬಂದಿದೆ. ಇಂಥ ಹೊತ್ತಿನಲ್ಲಿ ನೀವು ಬೇರೆ ಜಿಲ್ಲೆಗೆ ವರ್ಗ ಬೇಕೆಂದು ಓಡಾಡುತ್ತಿರುವ ಸುದ್ದಿ ಬಂದಿದೆ. ಪೀಡೆ ತೊಲಗುತ್ತದೆ ಎಂದು ಊರಲ್ಲಿ ಕೆಲವರು ಖುಷಿಪಟ್ಟರು. ನನಗೆ ಆ ಖುಷಿ ಇಲ್ಲ. ಇನ್ನೊಂದು ನದಿ, ಇನ್ನೊಬ್ಬ ಗಾಳೇಶ, ಇನ್ನೊಂದು ಹಿಂದಿನ ಗೇಟು ನಿಮಗೆ ಸಿಗುವುದು ನನಗೆ ಬೇಡ.

ಆದ್ದರಿಂದ ನಿಮ್ಮ ಮೇಲಿನವರು ಈ ಪತ್ರವನ್ನು ಪತ್ರಿಕೆಯಲ್ಲಿ ಓದಿದರೆ ಅವರಿಗೆ ನನ್ನ ಒಂದೇ ಒತ್ತಾಯ. ನನ್ನ ತಮ್ಮನ ವಿಚಾರಣೆ ಮುಗಿದು, ಮದ್ದು ಹಾಕಿದವರ ಹೆಸರು ಆರೋಪಿಗಳ ಜಾಗದಲ್ಲಿ ಬರುವವರೆಗೆ ಈ ಅಧಿಕಾರಿಯನ್ನು ಇಲ್ಲಿಂದ ಕದಲಿಸಬೇಡಿ. ಬಡ್ತಿ ಕೊಟ್ಟು ಸಹ ಕಳಿಸಬೇಡಿ. ಇಲ್ಲೇ ಇರಲಿ. ಸಂತೆಗೆ ಹೋಗಲಿ, ಬಸ್ ನಿಲ್ದಾಣದಲ್ಲಿ ನಿಲ್ಲಲಿ, ಎದುರಿಗೆ ಬಂದ ಮಕ್ಕಳು ಗುರುತು ಹಿಡಿಯಲಿ. ಅವ್ವನೂ ಈಗ ದೇವರ ಮಾತು ಎತ್ತುವುದಿಲ್ಲ. ಕೋರ್ಟಿನ ತಾರೀಖು ಯಾವತ್ತು ಎಂದು ದಿನಾ ಕೇಳುತ್ತಾಳೆ.

ಇಂತಿ,
ನೀವು ಇನ್ನೂ ಬಹಳ ದಿನ ಇದೇ ಊರಲ್ಲಿರಲೆಂದು ಮನಸಾರೆ ಬಯಸುವ
ದ್ರಾಕ್ಷಾಯಿಣಿ
ವಿಜ್ಞಾನ ಶಿಕ್ಷಕಿ (ಈ ಪತ್ರ ಅಚ್ಚಾಗುವವರೆಗಂತೂ)
ಗಂಗಾವತಿ ತಾಲ್ಲೂಕು