ಕರಿಬೇವಿನ ಸಾಕ್ಷಿ

೧೪ ಮಾರ್ಚ್ ೨೦೦೬, ಮಂಗಳವಾರ, ವಿಜಯನಗರ

ಪಕ್ಕದ ಮನೆಯ ವಿಮಲಮ್ಮ ಕೋರ್ಟಿನಲ್ಲಿ ಎಡವಟ್ಟು ಮಾಡಿದರೆ ಎಂದು ಬೆಳಗಿನಿಂದ ಅದೇ ಚಿಂತೆ. ಅತ್ತೆ ಈ ಮನೆಯನ್ನು ನನಗೆ ಬರೆದ ಉಯಿಲಿಗೆ ಸಾಕ್ಷಿ ಸಹಿ ಹಾಕಿದವರಲ್ಲಿ ಬದುಕಿರುವವರು ಅವರೊಬ್ಬರೇ. ಕೋರ್ಟ್ ಉಯಿಲನ್ನು ಒಪ್ಪಿ ಪ್ರೊಬೇಟ್ ಕೊಡಬೇಕಾದರೆ ಅವರ ಮಾತು ಬೇಕೇ ಬೇಕು. ಉಯಿಲು ಬರೆಯುವಾಗಲೇ ಅಮ್ಮನಿಗೆ ಅರಳುಮರಳು ಎಂದು ಮೈದುನ ಯೋಗಾನಂದನ ತಕರಾರು.

ಅವನ ವಕೀಲರು ಅದನ್ನೇ ಕೇಳಿದರು. ವಿಮಲಮ್ಮ ಕಟಕಟೆಯಲ್ಲೇ ಸೆರಗು ಬಿಗಿದರು.

"ಅರಳುಮರಳಾ? ಸೈನ್ ಹಾಕಿ ಪೆನ್ ಕೆಳಗಿಟ್ಟೋರೇ, ಕೇಳ್ದೆ ಕರಿಬೇವು ಕಿತ್ತೆ ಅಂತ ನನ್ ಮೇಲೆ ಜಗಳಕ್ಕೆ ಬಂದ್ರು ಸ್ವಾಮಿ. ಹೋದ ವರ್ಷ ಕಿತ್ತಿದ್ದನ್ನೂ ಎತ್ತಿ ಆಡಿದ್ರು!"

ಜಡ್ಜ್ ನಕ್ಕರು. ಯೋಗಾನಂದನೂ ನಕ್ಕುಬಿಟ್ಟ. ಕಣ್ಣೊರೆಸಿಕೊಂಡು ಎದ್ದು ನಿಂತ.

"ಸಾಕು ಸಾರ್. ಅದು ನಮ್ಮಮ್ಮನೇ. ನಂದೇನೂ ತಕರಾರಿಲ್ಲ."

ಇನ್ನು ಆದೇಶವೊಂದೇ ಬಾಕಿಯಂತೆ. ಅವನನ್ನು ಊಟಕ್ಕೆ ಎಳೆದುಕೊಂಡೇ ಬಂದೆ.

ಒಗ್ಗರಣೆಗೆಂದು ಹಿತ್ತಲಿಗೆ ಹೋದರೆ ವಿಮಲಮ್ಮ ಆಗಲೇ ಕೊಂಬೆ ಬಗ್ಗಿಸಿದ್ದರು.

"ಏನ್ ವಿಮಲಮ್ಮ, ಕೇಳ್ದೆ ಕೀಳ್ತೀರಾ?" ಎಂದು ಥೇಟ್ ಅತ್ತೆಯ ದನಿಯಲ್ಲಿ ಗದರಿಸಿದೆ.

ಅವರ ಮುಖ ಅರಳಿದ್ದು ನೋಡಬೇಕಿತ್ತು. "ಅಬ್ಬಾ, ಹೀಗೆ ಬೈಯೋರಿಲ್ದೆ ಕರಿಬೇವಿಗೆ ಘಮಾನೇ ಇರ್ಲಿಲ್ಲ ಕಣೇ!"