ಹಾಲಮ್ಮತ್ತೆಯ ಬಚ್ಚಲು ಮತ್ತು ನಿಮ್ಮ ಕ್ಯಾಮೆರಾ

ಶಿವಮೊಗ್ಗದ ಕೊಠಡಿಯಲ್ಲಿ ಕುಳಿತು ಭದ್ರಾವತಿಯ ಬೀದಿಗಳನ್ನು ಕಾಯುವ ಮಾನ್ಯ ಅಧಿಕಾರಿಗಳೇ,

ಆಯುಧಪೂಜೆಯ ದಿನ ನಮ್ಮ ಬೀದಿಯ ಕ್ಯಾಮೆರಾಕ್ಕೆ ಅರಿಸಿನ ಕುಂಕುಮ ಕಲಸಿ ಮೆತ್ತಿದವನು ನಾನು, ಪಕ್ಕದ ಮನೆಯ ಹಾಲಮ್ಮತ್ತೆಯಲ್ಲ. ಇದಕ್ಕಿಂತ ದೊಡ್ಡದೊಂದನ್ನು ತಿಂಗಳುಗಟ್ಟಲೆ ಮುಚ್ಚಿಟ್ಟಿದ್ದೆ. ಆ ಕ್ಯಾಮೆರಾ ಕತ್ತಲಲ್ಲೂ ನೋಡುತ್ತದೆ ಎಂದು ನನಗೆ ಗೊತ್ತಿತ್ತು. ನಿಮ್ಮ ಗುತ್ತಿಗೆದಾರರ ಕೂಲಿಯವನಾಗಿ ಅದನ್ನು ಕಂಬಕ್ಕೆ ಬಿಗಿದವನೂ ನಾನೇ.

ನಮ್ಮ ಸಾಲುಮನೆಗಳ ಹಿತ್ತಲ ಬಚ್ಚಲಿಗೆ ಗೋಡೆಯಿದೆ, ಸೂರಿಲ್ಲ. ಇಷ್ಟು ವರ್ಷ ಮೇಲಿನಿಂದ ನೋಡುತ್ತಿದ್ದದ್ದು ಕಾಗೆಗಳು ಮಾತ್ರ. ಹಿತ್ತಲೂ ಕಾಣುವಂತೆ ಕ್ಯಾಮೆರಾ ಬಂದ ಮೇಲೆ ಹಾಲಮ್ಮತ್ತೆ ಬೆಳಕು ಹರಿಯುವ ಮೊದಲೇ, ದೀಪವನ್ನೂ ಹಾಕದೆ ಸ್ನಾನ ಮುಗಿಸತೊಡಗಿದರು. "ಕತ್ತಲಲ್ಲಿ ಅದಕ್ಕೇನು ಕಾಣುತ್ತೆ, ಮಣ್ಣು" ಎಂದು ನಕ್ಕಿದ್ದರು. ಚಿಕ್ಕಂದಿನಲ್ಲಿ ನನ್ನನ್ನು ಎತ್ತಿ ಆಡಿಸಿದವರ ಎದುರು ಆ ಮಾತು ಹೇಗೆ ಹೇಳಲಿ? ಅವರಿಗೆ ಹೇಳುವ ಬದಲು, ಕ್ಯಾಮೆರಾವನ್ನು ಸ್ವಲ್ಪ ತಿರುಗಿಸೋಣ ಎಂದು ಗುತ್ತಿಗೆದಾರರನ್ನು ಕೇಳಿದೆ. "ಒಂಬತ್ತನೇ ಕ್ಲಾಸಿಗೇ ಸ್ಕೂಲು ಬಿಟ್ಟೋನು, ಕ್ಯಾಮೆರಾ ಎಲ್ಲಿ ನೋಡ್ಬೇಕು ಅಂತ ನೀನು ಹೇಳ್ತೀಯ ಮಾರಾಯ? ಮೇಲಿಂದ ಆರ್ಡರ್ ಬರ್ಬೇಕು" ಎಂದರು. ಮೇಲಿಂದ ಎಂದರೆ ನಿಮ್ಮಿಂದ. ನಿಮಗೂ ಅರ್ಜಿ ಕೊಟ್ಟೆ. ಬೀದಿಯಲ್ಲಿ ನೊಣ ಹಾರಿದರೂ ಕಾಣುವ ನಿಮಗೆ ಅದು ಕಾಣಲಿಲ್ಲ.

ಹಬ್ಬದ ದಿನ ಸ್ಕೂಟರು, ಸ್ಪ್ಯಾನರು, ಏಣಿ ಎಲ್ಲಕ್ಕೂ ಪೂಜೆ. ಕ್ಯಾಮೆರಾದ ಹಿಂಬದಿಯಿಂದ ಕಂಬ ಹತ್ತಿ ಅದಕ್ಕೂ ಮಾಡಿದೆ, ಗಾಜು ಮುಚ್ಚುವಷ್ಟು ಭಕ್ತಿಯಿಂದ. ಅದೇ ಕಂಬದ ಬೀದಿದೀಪ ಕೆಟ್ಟು ವರ್ಷವಾಯಿತು, ಯಾರೂ ಬಂದಿಲ್ಲ. ಕ್ಯಾಮೆರಾ ಕುರುಡಾದ ಮರುದಿನವೇ ಜೀಪು ಬಂತು. ಕೊನೆಯ ಚಿತ್ರದಲ್ಲಿ ಕುಂಕುಮದ ತಟ್ಟೆ ಹಿಡಿದು ಕೆಳಗೆ ನಿಂತಿದ್ದವರು ಹಾಲಮ್ಮತ್ತೆ. ಸಾರ್ವಜನಿಕ ಆಸ್ತಿಗೆ ಹಾನಿ ಎಂದು ಅವರನ್ನೇ ಕರೆಸಿಕೊಂಡಿರಿ. ಅವರು ನನ್ನ ಹೆಸರು ಹೇಳಲಿಲ್ಲ. ನಿಮ್ಮ ಸಿಬ್ಬಂದಿಯೊಬ್ಬರು ನಗುತ್ತ ಕೇಳಿದರಂತೆ: "ಏನಮ್ಮ, ದಿನಾ ಅಷ್ಟು ಬೇಗ ಸ್ನಾನ ಮಾಡ್ತೀಯಲ್ಲ, ಚಳಿ ಆಗಲ್ವಾ?"

ಹಾಲಮ್ಮತ್ತೆ ಮನೆಗೆ ಬಂದವರೇ ನನ್ನನ್ನು ಕರೆದರು.

"ವಸಂತ, ಕತ್ತಲಲ್ಲೂ ಕಾಣುತ್ತೇನೋ ಅದಕ್ಕೆ?"

"ಕಾಣುತ್ತೆ ಅತ್ತೆ."

"ನಿಂಗೆ ಗೊತ್ತಿತ್ತಾ?"

"ಗೊತ್ತಿತ್ತು."

ಆಮೇಲೆ ಅವರು ನನ್ನೊಡನೆ ಮಾತಾಡಿಲ್ಲ.

ಸುರಕ್ಷತೆ ಎನ್ನುತ್ತೀರಿ. ಯಾರ ಸುರಕ್ಷತೆ, ಯಾರಿಂದ? ನಿಮ್ಮ ಬಚ್ಚಲಿಗೆ ಸೂರಿದೆ ಎಂಬುದು ಬಿಟ್ಟರೆ ನಿಮ್ಮ ಮಾನಕ್ಕೂ ನಮ್ಮ ಮಾನಕ್ಕೂ ಏನು ವ್ಯತ್ಯಾಸ?

ಕೇಸು ನನ್ನ ಮೇಲೆ ಹಾಕಿ, ಹಾಲಮ್ಮತ್ತೆಯನ್ನು ಅದರಿಂದ ಬಿಡಿ. ಕ್ಯಾಮೆರಾವನ್ನು ರಸ್ತೆಯ ಕಡೆ ತಿರುಗಿಸಿ. ಆ ಮುಂಜಾವುಗಳ ಚಿತ್ರಗಳನ್ನು ಯಾರು ಯಾರು ನೋಡಿದರೆಂದು ಬರೆದು ತಿಳಿಸಿ, ಹಾಲಮ್ಮತ್ತೆಯ ಮಗಳನ್ನು ಕರೆಸಿ ಅವಳ ಎದುರೇ ಅಳಿಸಿ. ಬೇಗ ಮಾಡಿ ಎನ್ನಲು, ಇಷ್ಟು ದಿನ ಮುಚ್ಚಿಟ್ಟ ನನಗೆ ಬಾಯಿಲ್ಲ. ಹಾಲಮ್ಮತ್ತೆ ಪಾತ್ರೆಗಳನ್ನು ಚೀಲಕ್ಕೆ ತುಂಬಿ ಬಾಗಿಲ ಬಳಿ ಇಟ್ಟಿದ್ದಾರೆ. ನಾಳೆ ಹೊಳಲೂರಿನ ಮಗಳ ಮನೆಗೆ ಹೊರಡುತ್ತಾರೆ.

ಇಂತಿ,
ಕಂಬ ಹತ್ತಲು ಬಂದರೂ ಹೊತ್ತಿಗೆ ಸರಿಯಾಗಿ ಬಾಯಿ ತೆರೆಯಲು ಬಾರದ
ವಸಂತ್, ಭದ್ರಾವತಿ