ಕದರಮಂಡಲಗಿ ದೇವರ ಹೆಸರಿನವರಿಗೆ

ರಾಣೇಬೆನ್ನೂರು
೧೪ ಜೂನ್ ೨೦೦೬, ಬುಧವಾರ

ಶ್ವೇತಾಳ ಅಪ್ಪನವರಿಗೆ ಗದಿಗೆವ್ವ ಮಾಡುವ ನಮಸ್ಕಾರಗಳು.

ನಾವಿಬ್ಬರೂ ಕ್ಷೇಮ. ನೀವೂ ಅತ್ತೆಯವರೂ ಕ್ಷೇಮವೆಂದು ತಿಳಿದಿದ್ದೇನೆ. ಹನ್ನೊಂದು ವರ್ಷದ ಮೇಲೆ ಬರೆಯುವ ಕಾಗದಕ್ಕೆ ಇನ್ನೂ ಸವಿಯಾದ ಮಾತು ಬೇಕಿತ್ತೇನೋ, ಆದರೆ ನನ್ನಲ್ಲಿ ತ್ರಾಣವಿಲ್ಲ. ಇವತ್ತೂ ಹಲಗೇರಿ ಹಾದಿಯ ಬೀಜದ ಹೊಲದಲ್ಲಿ ಬೆಳಗಿನಿಂದ ಬಗ್ಗಿಕೊಂಡು, ಟೊಮ್ಯಾಟೊ ಹೂವಿಗೆ ಗಂಡು ಹೂವಿನ ಪುಡಿ ಮುಟ್ಟಿಸಿ, ಗುರುತಿಗೆ ದಾರ ಕಟ್ಟಿ ಬಂದಿದ್ದೇನೆ. ಕೂತರೆ ಏಳಲಾಗದು, ಎದ್ದರೆ ಕೂರಲಾಗದು. ಅದಕ್ಕೇ ಕೆಲಸದ ಮಾತು ಮೊದಲು.

ಶ್ವೇತಾಗೆ ಹಾವೇರಿಯಲ್ಲಿ ನರ್ಸಿಂಗ್ ಕಲಿಯಲು ಸೀಟು ಸಿಕ್ಕಿದೆ. ಈ ತಿಂಗಳ ಕೊನೆಯೊಳಗೆ ಜಾತಿ ಪ್ರಮಾಣಪತ್ರ ಕೊಡದಿದ್ದರೆ ಅದು ಇನ್ನೊಬ್ಬರಿಗೆ ಹೋಗುತ್ತದೆ. ಇಲ್ಲಿಯ ತಹಶೀಲ್ದಾರ ಕಚೇರಿಯಲ್ಲಿ ಅರ್ಜಿಯನ್ನು ಎರಡು ಸಲ ತಿರುಗಿಸಿ ಕೊಟ್ಟರು. ಶಾಲೆಯ ದಾಖಲೆಯಲ್ಲಿ ಅವಳ ಅಪ್ಪನ ಹೆಸರು ನಿಮ್ಮದೇ, ಏಕೆಂದರೆ ಒಂದನೆಯ ಇಯತ್ತೆಗೆ ಅವಳ ಹೆಸರು ಹಚ್ಚಿದವರು ನೀವು. ನನ್ನ ಓಟಿನ ಕಾರ್ಡಿನಲ್ಲಿ, ಅದನ್ನು ನೋಡಿ ಮಾಡಿಕೊಟ್ಟ ರೇಶನ್ ಕಾರ್ಡಿನಲ್ಲಿ, ಗಂಡನ ಹೆಸರು ಹನುಮಂತಪ್ಪ. ಕಾರಕೂನರು ಎರಡೂ ಕಾಗದ ಮುಂದಿಟ್ಟುಕೊಂಡು, "ನಿಮಗ ಗಂಡಂದಿರು ಎಷ್ಟು ಮಂದಿರಿ ಯವ್ವಾ?" ಎಂದು ಕೇಳಿದರು. ಸಾಲಿನಲ್ಲಿ ನಿಂತವರು ನಕ್ಕರು. ಶ್ವೇತಾ ನೆಲ ನೋಡುತ್ತ ನಿಂತಿದ್ದಳು.

ಆ ಹೆಸರು ಹೇಗೆ ಬಂತೆಂದು ನೀವು ಯಾವತ್ತೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ಈಗ ಹೇಳುತ್ತೇನೆ. ಬ್ಯಾಡಗಿಯ ಶಾಲೆಯಲ್ಲಿ ಓಟಿನ ಕಾರ್ಡಿಗೆ ಫೋಟೋ ತೆಗೆದ ದಿನ, ಮೇಜಿನ ಹಿಂದೆ ಕೂತವನು ನಮ್ಮ ಕಡೆಯವನಲ್ಲ. ಗಂಡನ ಹೆಸರು ಕೇಳಿದ. ಅದು ಬಾಯಲ್ಲಿ ಬಂದರೆ ಗಂಡನ ಆಯುಷ್ಯ ಕಡಿಮೆಯಾಗುತ್ತದೆ ಎಂದು ನನಗೆ ಕಲಿಸಿದವರು ಅತ್ತೆಯವರು, ಅವರು ನನ್ನ ಬೆನ್ನಿಗೇ ನಿಂತಿದ್ದರು. "ಕದರಮಂಡಲಗಿ ದೇವರ ಹೆಸರ್ರಿ" ಎಂದೆ. ನಮ್ಮ ಸೀಮೆಯವರು ಯಾರೇ ಆಗಿದ್ದರೂ ಅಷ್ಟಕ್ಕೇ ನಿಮ್ಮ ಹೆಸರು ಬರೆದುಬಿಡುತ್ತಿದ್ದರು. ಆ ಊರಿನ ಹನುಮಪ್ಪನನ್ನು ಬೇರೆಯೇ ಹೆಸರಿನಿಂದ ಕರೆಯುತ್ತಾರೆಂದು ಅವನಿಗೇನು ಗೊತ್ತು? ಅದು ಯಾವ ದೇವರೆಂದು ಪಕ್ಕದವನನ್ನು ಕೇಳಿಕೊಂಡು ಹನುಮಂತಪ್ಪ ಎಂದು ಗೀಚಿದ. ಏನು ಬರೆದನೆಂದು ನನಗೆ ತಿಳಿದದ್ದು ಕಾರ್ಡು ಕೈಗೆ ಬಂದ ಮೇಲೆಯೇ.

ನಮ್ಮ ಕಡೆ ಓಣಿಗೆ ನಾಲ್ಕು ಮಂದಿ ಹನುಮಂತಪ್ಪ ಇದ್ದಾರೆ. ನಮ್ಮ ಓಣಿಯಲ್ಲಿದ್ದವನು ಹಿಟ್ಟಿನ ಗಿರಣಿಯವನು, ನಾನು ಜೋಳ ಬೀಸಿಸಲು ಹೋಗುತ್ತಿದ್ದದ್ದೂ ಅಲ್ಲಿಗೇ. ಮೆಣಸಿನಕಾಯಿ ಪೇಟೆಯಲ್ಲಿ ಅವನ ಹೆಸರು ಹಿಡಿದು ನಿಮ್ಮನ್ನು ಯಾರು ಏನೆಂದು ಚೇಷ್ಟೆ ಮಾಡಿದರೋ, ಮನೆಗೆ ಬಂದವರೇ ಕಾರ್ಡನ್ನು ಒಲೆಯ ಮುಂದೆ ಒಗೆದಿರಿ. "ನನ್ನ ಹೆಸರು ಹೇಳು ನೋಡೂಣು. ಒಮ್ಮೆ ಹೇಳು, ಸಾಕು" ಎಂದಿರಿ. ನಾನು ಹೇಳಲಿಲ್ಲ. ಪದ್ಧತಿ ಅಡ್ಡ ಬಂತು ಎನ್ನಬಹುದು. ಅದು ಅರ್ಧ ಮಾತ್ರ, ಉಳಿದರ್ಧ ಸಿಟ್ಟು. ಎಂಟು ವರ್ಷ ಸಂಸಾರ ಮಾಡಿದವಳನ್ನು ಮಗ್ಗಿ ಒಪ್ಪಿಸುವ ಹುಡುಗಿಯ ಹಾಗೆ ನಿಲ್ಲಿಸಿ ಕೇಳಿದರೆ ಯಾರಿಗೆ ಸಿಟ್ಟು ಬರುವುದಿಲ್ಲ ಹೇಳಿ. ನಾನು ಸುಮ್ಮನಿದ್ದದ್ದನ್ನೇ ನೀವು ತಪ್ಪು ಒಪ್ಪಿಕೊಂಡಳು ಎಂದು ತಿಳಿದಿರಿ. ಮರುದಿನ ಮಗಳ ಕೈ ಹಿಡಿದು ರಾಣೇಬೆನ್ನೂರು ಬಸ್ಸು ಹತ್ತಿದೆ. ನೀವು ಕರೆಯಲು ಬರಲಿಲ್ಲ. ಇನ್ನೊಂದು ಮದುವೆಯನ್ನೂ ಆಗಲಿಲ್ಲವೆಂದು ಕೇಳಿದ್ದೇನೆ.

ಹೋದ ವರ್ಷ ಕಾಲೇಜಿನಲ್ಲಿ ಕನ್ನಡ ಕಲಿಸುವವರು, ಸುತ್ತಮುತ್ತಲಿನವರ ಹೆಸರುಗಳಿಗೆ ಅರ್ಥ ಕೇಳಿ ಬರೆದು ತನ್ನಿ ಎಂದಿದ್ದರಂತೆ. ನಿಮ್ಮ ಮಗಳು ಒಂದು ನೋಟುಬುಕ್ಕೇ ತುಂಬಿಸಿದಳು. ಪಕ್ಕದ ಮನೆಯ ಟೇಲರ್ ಮಹಮ್ಮದ್ ಹನೀಫರು, ತಮ್ಮದು ಅರಬ್ಬಿ ಹೆಸರು, ನೆಟ್ಟಗಿನ ದಾರಿ ಹಿಡಿದವನು ಎಂದು ಅರ್ಥ ಅಂದರು. "ಬಟ್ಟಿ ಮಾತ್ರ ಸೊಟ್ಟ ಕತ್ತರಸ್ತೇನಿ ನೋಡವಾ" ಎಂದು ನಕ್ಕರು. ಗಂಡನ ಹೆಸರು ಹಿಡಿದು ಕರೆಯುವ ರೂಢಿ ಅವರ ಮನೆಯಾಕೆಗೂ ಇಲ್ಲ. ದವಾಖಾನೆಯ ನರ್ಸಬಾಯಿ ಮೇರಿಯವರ ಹೆಸರು ಎಲ್ಲಿಯದೋ ಯಹೂದಿಗಳದು, ಅದಕ್ಕೆ ಕಹಿ ಎಂದೂ ಅರ್ಥ ಹೇಳುವವರಿದ್ದಾರಂತೆ. ನಿಮ್ಮ ತಾಯಿ ಫಕ್ಕೀರವ್ವನವರ ಹೆಸರಿನೊಳಗೆ ಒಬ್ಬ ಫಕೀರ ಕೂತಿದ್ದಾನೆ ಎಂದು ಬರೆದಿದ್ದಾಳೆ. ವಿಭೂತಿ ಹಚ್ಚದೆ ನೀರು ಮುಟ್ಟದ ಅತ್ತೆಯವರು ಅದನ್ನು ಓದಿದರೆ ಏನನ್ನುತ್ತಾರೋ! ನನ್ನದು ಸ್ವಾಮಿಗಳ ಗದ್ದುಗೆಯಿಂದ ಬಂದ ಹೆಸರು. "ಅದಕ್ಕ ನೋಡವ್ವಾ, ಕುಂತಲ್ಲಿಂದ ಏಳಂಗಿಲ್ಲ ನೀ" ಎಂದಳು. ಅವಳು ಚೇಷ್ಟೆಗೆ ಅಂದದ್ದು ನನಗೆ ನಾಟಿತು. ಬ್ಯಾಡಗಿ ಇಲ್ಲಿಂದ ಒಂದು ತಾಸಿನ ದಾರಿ, ನಾನೂ ಒಮ್ಮೆ ಎದ್ದು ಬರಬಹುದಿತ್ತು.

ನಿಮ್ಮ ಹೆಸರಿನ ಪುಟದಲ್ಲಿ ಒಂದೇ ಸಾಲು ಇದೆ. ಇದೂ ಹನುಮಪ್ಪನ ಹೆಸರೇ, ಎಂದು. ಒಬ್ಬನೇ ದೇವರ ಎರಡು ಹೆಸರಿಗಾಗಿ ನಾವು ಎರಡು ಊರಲ್ಲಿ ಅಡಿಗೆ ಮಾಡಿಕೊಂಡು ಉಣ್ಣುತ್ತಿದ್ದೇವೆ. ನೆನೆದರೆ ಅಳುವೂ ಬರುವುದಿಲ್ಲ, ಸುಸ್ತಾಗುತ್ತದೆ.

ಇದಕ್ಕೊಂದು ದಾರಿ ಇದೆ ಎಂದು ವಕೀಲ ಶಶಿಕಾಂತ ಅವರು ಹೇಳಿದ್ದಾರೆ. ಎರಡೂ ಹೆಸರು ನನ್ನವೇ ಎಂದು ನೀವು ಪ್ರಮಾಣ ಮಾಡಿ ಸಹಿ ಹಾಕಬೇಕು. ಕಾಗದದಲ್ಲಿ ಮೊದಲು ನಿಮ್ಮ ಹೆಸರು, ಆಮೇಲೆ ಉರ್ಫ್, ಆಮೇಲೆ ಹನುಮಂತಪ್ಪ. ಒಲೆಯ ಮುಂದೆ ಒಗೆದ ಹೆಸರನ್ನು ನೀವೇ ನಿಮ್ಮದೆಂದು ಒಪ್ಪಿಕೊಳ್ಳಿ ಎಂದು ಕೇಳಲು ನನಗೂ ಸಂಕಟವೇ. ಆದರೆ ಬೇರೆ ದಾರಿಗೆ ಈಗ ದಿನಗಳಿಲ್ಲ. ಜೂನ್ ೨೬, ಸೋಮವಾರ, ಹನ್ನೊಂದು ಗಂಟೆಗೆ ತಹಶೀಲ್ದಾರ ಕಚೇರಿಗೆ ಬನ್ನಿ. ನನ್ನ ಸಲುವಾಗಿ ಬೇಡ, ಅವಳ ಸಲುವಾಗಿ. ಸಹಿ ಹಾಕಿ ಮುಂದಿನ ಬಸ್ಸಿಗೆ ಹೋಗಬಹುದು, ನಾನು ತಡೆಯುವುದಿಲ್ಲ. ಜಗಳ ಮಾಡುವುದಕ್ಕೂ ಶಕ್ತಿ ಬೇಕಾಗುತ್ತದೆ.

ಇನ್ನೊಂದು ಮಾತು. ನಿಮ್ಮ ಹೆಸರನ್ನು ನಾನು ಬಾಯಿಬಿಟ್ಟು ಹೇಳಿದ್ದು ಎರಡೇ ಸಲ, ಎರಡೂ ಮದುವೆಯ ದಿನ. ಹೆಂಗಸರು ಬಾಗಿಲು ಅಡ್ಡಗಟ್ಟಿ, ಒಡಪು ಕಟ್ಟಿ ಗಂಡನ ಹೆಸರು ಹೇಳಿದರೆ ಮಾತ್ರ ಒಳಗೆ ಬಿಡುತ್ತೇವೆ ಎಂದು ಕಾಡಿದ್ದು ನಿಮಗೆ ನೆನಪಿರಬಹುದು. ಮೆಲ್ಲಗೆ ಹೇಳಿದೆ. ಕೇಳಿಸಲಿಲ್ಲವೆಂದು ಮತ್ತೊಮ್ಮೆ ಹೇಳಿಸಿದರು. ನೀವು ಪಕ್ಕದಲ್ಲಿ ನಿಂತು ನಗುತ್ತಿದ್ದಿರಿ. ಅಷ್ಟೇ. ಈಗ ವಕೀಲರು ಕೊಟ್ಟ ಕಾಗದದಲ್ಲಿ ನನ್ನ ಹೆಸರಿನ ಮುಂದೆ 'ಕೋಂ' ಎಂದು, ಅಂದರೆ ಇಂಥವರ ಹೆಂಡತಿ ಎಂದು ಟೈಪು ಹೊಡೆಸಿ, ಮುಂದೆ ಜಾಗ ಬಿಟ್ಟಿದ್ದಾರೆ. ಅದನ್ನು ನನ್ನ ಕೈಯಿಂದಲೇ ತುಂಬಬೇಕಂತೆ. ಹೇಳಬಾರದು ಎಂದಿದ್ದರು ಅತ್ತೆಯವರು, ಬರೆಯಬಾರದು ಎಂದಿರಲಿಲ್ಲ. ಕೈಗೆ ರೂಢಿಯಾಗಲೆಂದು ಮೊದಲು ಇಲ್ಲಿ ಬರೆದು ನೋಡುತ್ತಿದ್ದೇನೆ.

ಇಂತಿ,
ಗದಿಗೆವ್ವ ಕೋಂ ಕಾಂತೇಶ ಮೇಡ್ಲೇರಿ

ತಾ.ಕ.: ಮೇಲೆ ಒಂದು ಸುಳ್ಳು ಬರೆದಿದ್ದೇನೆ. ಶ್ವೇತಾ ಓದುತ್ತಾಳೆಂದು ಹಾಗೆ ಬರೆದೆ. ಅವಳು ಓದಿಯಾಯಿತು, ಅಂಟಿಸುವ ಮೊದಲು ಇದಿಷ್ಟು ಸೇರಿಸುತ್ತಿದ್ದೇನೆ. ಓಟಿನ ಕಾರ್ಡಿನ ಆ ಮನುಷ್ಯ ತಾನು ಬರೆದದ್ದನ್ನು ಅವತ್ತೇ ನನಗೆ ಓದಿ ಹೇಳಿದ್ದ. "ಗಂಡನ ಹೆಸರು ಹನುಮಂತಪ್ಪ. ಸರಿಯಾಗಿದೆ ತಾನೇ ಅಮ್ಮಾ?" ಎಂದು ಕೇಳಿದ್ದ. ಅಲ್ಲ ಎಂದಿದ್ದರೆ ಮತ್ತೆ ಯಾವುದು ಎನ್ನುತ್ತಿದ್ದ. ಬಿಸಿಲು, ಹಿಂದೆ ಉದ್ದ ಸಾಲು, ಬೆನ್ನಿಗೆ ಅತ್ತೆಯವರು. ಹೂಂ ಎಂದೆ. ಆ ಹೂಂ ನನ್ನದು, ಅವನ ತಪ್ಪಲ್ಲ. ಹನ್ನೊಂದು ವರ್ಷ ಇದನ್ನು ಯಾರಿಗೂ ಹೇಳಿಲ್ಲ. ಸೋಮವಾರ ಕಾರಕೂನರು ಮತ್ತೆ ಗಂಡನ ಹೆಸರು ಕೇಳುತ್ತಾರೆ. ಈ ಸಲ ಬಾಯಿಂದಲೇ ಹೇಳುತ್ತೇನೆ. ಸ್ವಲ್ಪ ಹತ್ತಿರ ನಿಂತಿರಿ, ನನ್ನ ದನಿ ಈಗಲೂ ಸಣ್ಣದೇ.